ಇಂಪೋರ್ಟ್ ಆಗದ ಲೆಕ್ಕದ ಫೈಲು: ಕೆಟ್ಟದ್ದನ್ನು ಹುಡುಕಿ ಸರಿಪಡಿಸುವ ಕ್ರಮ

ಏಪ್ರಿಲ್ ಬಂತೆಂದರೆ ಕಾಸರಗೋಡು ಜಿಲ್ಲೆಯ ಕುಂಬಳೆ, ಬದಿಯಡ್ಕ, ಪೆರ್ಲದ ಕಡೆಯಿಂದ ನನಗೆ ಒಂದೇ ಥರದ ಕರೆ. "ಬ್ಯಾಂಕಿನಿಂದ ಫೈಲು ಇಳಿಸಿದ್ದೇನೆ, ಲೆಕ್ಕದ ಪ್ರೋಗ್ರಾಂ ಅದನ್ನು ತೆಗೆದುಕೊಳ್ಳುವುದೇ ಇಲ್ಲ." ತೆಗೆದುಕೊಂಡರೂ ಅಡಿಕೆಯ ದುಡ್ಡು ಒಂದು ರೂಪಾಯಿ ಆಗಿರುತ್ತದೆ, ಇಲ್ಲವೇ ಏಪ್ರಿಲ್‌ನ ಜಮೆ ಡಿಸೆಂಬರ್‌ನಲ್ಲಿ ಕೂತಿರುತ್ತದೆ. ಫೈಲು ತರಿಸಿ ನೋಡಿದರೆ ಹೆಚ್ಚಿನವು ಬ್ಯಾಂಕಿನಿಂದ ಬರುವಾಗ ಸರಿಯಾಗಿಯೇ ಇದ್ದವು. ಕೆಟ್ಟದ್ದು ನಂತರ, ಡಬಲ್ ಕ್ಲಿಕ್ ಮಾಡಿ ಎಕ್ಸೆಲ್‌ನಲ್ಲಿ ತೆರೆದು, ಕೇಳಿದ ಪ್ರಶ್ನೆಗೆಲ್ಲ "ಹೌದು" ಒತ್ತಿ ಸೇವ್ ಮಾಡಿದಾಗ.

ಹಾಗಾಗಿ ಕೆಳಗಿನ ಹಂತಗಳನ್ನು ಇದ್ದ ಕ್ರಮದಲ್ಲೇ ಮಾಡಿ. ತಾರೀಕನ್ನು ಮೊದಲು ತಿದ್ದಿ ಅಕ್ಷರವನ್ನು ಆಮೇಲೆ ತಿದ್ದಲು ಹೋದರೆ ಮಾಡಿದ ಕೆಲಸವನ್ನೇ ಮತ್ತೆ ಮಾಡಬೇಕಾಗುತ್ತದೆ.

## ಮೊದಲು ಬೇಕಾದ ಸಾಮಾನು

ಮೂರು ಪ್ರೋಗ್ರಾಂ ಸಾಕು, ಮೊದಲ ಎರಡು ಉಚಿತ: ನೋಟ್‌ಪ್ಯಾಡ್ ಪ್ಲಸ್ ಪ್ಲಸ್, ಲಿಬ್ರೆ ಆಫೀಸ್‌ನ ಕ್ಯಾಲ್ಕ್, ಮತ್ತು ನೀವು ಲೆಕ್ಕ ಇಡುವ ಪ್ರೋಗ್ರಾಂ. ನಾನು ಬಳಸುವುದು ಗ್ನೂಕ್ಯಾಶ್, ಅದೂ ಉಚಿತ. ಬೇರೆಯದಿದ್ದರೂ ಫೈಲು ಸರಿಪಡಿಸುವ ಕ್ರಮ ಬದಲಾಗದು. ಇವುಗಳ ಜೊತೆಗೆ ಬ್ಯಾಂಕಿನ ಪಾಸ್‌ಬುಕ್ಕು ಮೇಜಿನ ಮೇಲೆ ಇರಲಿ. ಕೊನೆಯ ತೀರ್ಪು ಕೊಡುವುದು ಅದೇ.

ಕೆಟ್ಟ ಫೈಲನ್ನು "ಸರಿಮಾಡಿಕೊಡುವ" ಜಾಲತಾಣಗಳಿಗೆ ನಿಮ್ಮ ಸ್ಟೇಟ್‌ಮೆಂಟ್ ಹಾಕಲೇಬೇಡಿ. ಅದರಲ್ಲಿ ಖಾತೆ ಸಂಖ್ಯೆ, ಯಾರಿಗೆ ಎಷ್ಟು ಕೊಟ್ಟಿರಿ, ಗಲ್ಫಿನಿಂದ ಮಗ ಎಷ್ಟು ಕಳಿಸಿದ ಎಂಬುದೆಲ್ಲ ಇದೆ. ಅಕ್ಷಯ ಕೇಂದ್ರದಲ್ಲೋ (ಕೇರಳದ ಆನ್‌ಲೈನ್ ಸೇವಾ ಕೇಂದ್ರ) ಪೇಟೆಯ ಅಂಗಡಿಯಲ್ಲೋ ಇಳಿಸಿಕೊಂಡಿದ್ದರೆ ಅಲ್ಲಿನ ಕಂಪ್ಯೂಟರಿನ ಡೌನ್‌ಲೋಡ್ ಫೋಲ್ಡರಿನಿಂದ ಅಳಿಸಿ, ರೀಸೈಕಲ್ ಬಿನ್ನನ್ನೂ ಖಾಲಿ ಮಾಡಿಯೇ ಹೊರಡಿ.

## ಹಂತ 1: ಮೂಲ ಫೈಲನ್ನು ಮುಟ್ಟದೆ ಎತ್ತಿಡಿ

"ಮೂಲ" ಎಂದೊಂದು ಫೋಲ್ಡರ್ ಮಾಡಿ ಫೈಲನ್ನು ಅದರಲ್ಲಿ ಹಾಕಿ. ಬಲ ಕ್ಲಿಕ್ ಮಾಡಿ ಪ್ರಾಪರ್ಟೀಸ್‌ನಲ್ಲಿ ರೀಡ್ ಓನ್ಲಿ ಆಯ್ಕೆ ಹಾಕಿ. ಅದರದೊಂದು ಪ್ರತಿ "ಕೆಲಸ" ಎಂಬ ಫೋಲ್ಡರಿಗೆ ಹೋಗಲಿ, ಆ ಪ್ರತಿಯಲ್ಲಿ ರೀಡ್ ಓನ್ಲಿ ಆಯ್ಕೆ ತೆಗೆದುಹಾಕಿ. ತಿದ್ದುವುದೆಲ್ಲ ಪ್ರತಿಯಲ್ಲಿ ಮಾತ್ರ.

ಈಗಾಗಲೇ ಎಕ್ಸೆಲ್‌ನಲ್ಲಿ ಸೇವ್ ಮಾಡಿಬಿಟ್ಟಿದ್ದೀರಾ? ಹಾಗಿದ್ದರೆ ತಿದ್ದಲು ಕೂರುವ ಮೊದಲು ಬ್ಯಾಂಕಿನಿಂದ ಇನ್ನೊಮ್ಮೆ ಇಳಿಸಲು ಆಗುತ್ತದೆಯೇ ನೋಡಿ. ಹತ್ತು ನಿಮಿಷದಲ್ಲಿ ಹೊಸ ಫೈಲು ಸಿಗುವಾಗ ಹಳೆಯದನ್ನು ಎರಡು ದಿನ ಕೂತು ರಿಪೇರಿ ಮಾಡುವುದು ಬೇಡ.

## ಹಂತ 2: ಅದು ನಿಜವಾಗಿ ಯಾವ ಜಾತಿಯ ಫೈಲು?

ಹೆಸರಿನ ಕೊನೆಯ ಮೂರಕ್ಷರವನ್ನು ನಂಬಬೇಡಿ. ಎಕ್ಸ್‌ಎಲ್‌ಎಸ್ ಎಂದು ಕೊನೆಯಾಗುವ ಎಷ್ಟೋ ಸ್ಟೇಟ್‌ಮೆಂಟ್‌ಗಳು ಒಳಗೆ ಎಕ್ಸೆಲ್ ಫೈಲೇ ಅಲ್ಲ. ನೋಟ್‌ಪ್ಯಾಡ್ ಪ್ಲಸ್ ಪ್ಲಸ್‌ನಲ್ಲಿ ತೆರೆದು ಮೊದಲ ಸಾಲು ನೋಡಿ.

ಇಂಗ್ಲಿಷಿನ ಪಿ ಮತ್ತು ಕೆ ಅಕ್ಷರದಿಂದ ಶುರುವಾಗಿ ಮುಂದೆ ಏನೂ ಓದಲಾಗದಿದ್ದರೆ ಅದು ಹೊಸ ನಮೂನೆಯ ಎಕ್ಸೆಲ್ ಫೈಲು. ಕೋನ ಕಂಸದೊಳಗೆ ಎಚ್‌ಟಿಎಂಎಲ್ ಅಥವಾ ಟೇಬಲ್ ಎಂದಿದ್ದರೆ ಅದು ವೆಬ್ ಪುಟದ ಕೋಷ್ಟಕ. ಇವೆರಡನ್ನೂ ಕ್ಯಾಲ್ಕ್‌ನಲ್ಲಿ ತೆರೆದು ಸಿಎಸ್‌ವಿಯಾಗಿ (ಕಾಲಂಗಳ ನಡುವೆ ಕಾಮಾ ಇರುವ ಸಾದಾ ಬರಹದ ಫೈಲು) ಸೇವ್ ಮಾಡಿಕೊಳ್ಳಬೇಕು. ಖಾತೆದಾರರ ಹೆಸರು, ತಾರೀಕು, ಮೊತ್ತ ಎಲ್ಲ ಕಣ್ಣಿಗೆ ಓದಲು ಬಂದು ನಡುವೆ ಕಾಮಾ ಇದ್ದರೆ ಅದೇ ಸಿಎಸ್‌ವಿ. ಕಾಮಾದ ಬದಲು ಅಗಲ ಖಾಲಿ ಜಾಗವಿದ್ದರೆ ಟ್ಯಾಬ್. ಆಶ್ಚರ್ಯಸೂಚಕ ಚಿಹ್ನೆ (!) ಮತ್ತು "ಟೈಪ್" ಎಂಬ ಇಂಗ್ಲಿಷ್ ಪದದಿಂದ ಶುರುವಾದರೆ ಕ್ಯುಐಎಫ್. ಮೊದಲ ಸಾಲಿನಲ್ಲೇ ಒಎಫ್‌ಎಕ್ಸ್ ಎಂದು ಕಂಡರೆ ಒಎಫ್‌ಎಕ್ಸ್. ಕೊನೆಯ ಇವೆರಡೂ ಲೆಕ್ಕದ ಪ್ರೋಗ್ರಾಂಗಳಿಗೆಂದೇ ಇರುವ ನಮೂನೆಗಳು, ಅವುಗಳ ವಿಷಯ ಹಂತ 7ರ ನಂತರ ಇದೆ.

ಪುಟದ ತುಂಬ ಕಪ್ಪು ಚೌಕದೊಳಗೆ "ನಲ್" ಎಂದು ಮಾತ್ರ ಕಂಡರೆ, ಅಥವಾ ಫೈಲಿನ ಗಾತ್ರ ಸೊನ್ನೆ ಎಂದಿದ್ದರೆ, ಆ ಪ್ರತಿಯಲ್ಲಿ ಏನೂ ಉಳಿದಿಲ್ಲ. ಆಟಿ ತಿಂಗಳ ಗಾಳಿಮಳೆಗೆ ಸೇವ್ ಆಗುವ ಹೊತ್ತಿನಲ್ಲೇ ಕರೆಂಟು ಹೋದರೆ ಹೀಗಾಗುವುದುಂಟು. ಅದರ ಮೇಲೆ ಸಮಯ ಕಳೆಯಬೇಡಿ: ಬ್ಯಾಂಕಿನ ಫೈಲಾದರೆ ಮತ್ತೆ ಇಳಿಸಿ, ಲೆಕ್ಕದ ಪುಸ್ತಕವಾದರೆ (ಲೆಕ್ಕದ ಪ್ರೋಗ್ರಾಂನ ಸ್ವಂತ ಫೈಲು) ಹಂತ 8ಕ್ಕೆ ಹೋಗಿ.

## ಹಂತ 3: ಅಕ್ಷರ ಸರಿಯಿದೆಯೇ ನೋಡಿ

ಕಾಸರಗೋಡಿನವರ ಫೈಲುಗಳಲ್ಲಿ ಕನ್ನಡ, ಮಲಯಾಳಂ, ಇಂಗ್ಲಿಷ್ ಮೂರೂ ಕಲೆತಿರುವುದು ಮಾಮೂಲಿ. ಬೇರೆ ಊರಿನವರಿಗಿಂತ ನಮಗೆ ಈ ಹಂತದ ಕೆಲಸ ಜಾಸ್ತಿ.

ಕನ್ನಡ ಹೆಸರಿನ ಜಾಗದಲ್ಲಿ ತಲೆಯ ಮೇಲೆ ಗೀಟು ಇರುವ ಇಂಗ್ಲಿಷ್ ಎ ಅಕ್ಷರ ಮತ್ತೆ ಮತ್ತೆ ಬಂದು ನಡುವೆ ಚಿಕ್ಕ ಚಿಕ್ಕ ಚಿಹ್ನೆಗಳಿದ್ದರೆ ಹೆದರಬೇಡಿ, ಅಕ್ಷರ ಸಾಮಾನ್ಯವಾಗಿ ಹಾಗೆಯೇ ಇರುತ್ತದೆ. ಯುಟಿಎಫ್-8ರಲ್ಲಿ (ಎಲ್ಲ ಭಾಷೆಯ ಅಕ್ಷರಕ್ಕೂ ಸಂಕೇತ ಕೊಡುವ ಯೂನಿಕೋಡ್‌ನ ಒಂದು ರೂಪ) ಬರೆದದ್ದನ್ನು ಪ್ರೋಗ್ರಾಂ ಹಳೆಯ ವಿಂಡೋಸ್ ಸಂಕೇತದಲ್ಲಿ ಓದುತ್ತಿದೆ, ಅಷ್ಟೇ. ನೋಟ್‌ಪ್ಯಾಡ್ ಪ್ಲಸ್ ಪ್ಲಸ್‌ನ ಎನ್‌ಕೋಡಿಂಗ್ ಮೆನುವಿನಲ್ಲಿ ಯುಟಿಎಫ್-8 ಆರಿಸಿ. ಅದೇ ಮೆನುವಿನಲ್ಲಿ ಕೆಳಗೆ "ಕನ್ವರ್ಟ್" ಎಂದು ಶುರುವಾಗುವ ಆಯ್ಕೆಗಳಿವೆ. ಅದನ್ನು ಈಗ ಒತ್ತಿದರೆ ತಪ್ಪಾಗಿ ಓದಿದ್ದೇ ಶಾಶ್ವತವಾಗಿ ಬರೆದುಹೋಗುತ್ತದೆ. ಮೊದಲು ಓದುವ ರೀತಿ ಬದಲಿಸಿ, ಕನ್ನಡ ಸರಿಯಾಗಿ ಕಂಡ ಮೇಲಷ್ಟೇ ಸೇವ್ ಮಾಡಿ.

ಅಕ್ಷರದ ಜಾಗದಲ್ಲಿ ಬರೀ ಪ್ರಶ್ನಾರ್ಥಕ ಚಿಹ್ನೆಗಳ ಸಾಲು ಇದ್ದರೆ ಕಥೆ ಬೇರೆ. ಆ ಪ್ರತಿಯಲ್ಲಿ ಅಕ್ಷರ ನಾಶವಾಗಿದೆ, ಯಾವ ಸಾಧನವೂ ಹಿಂದಕ್ಕೆ ತರಲಾರದು. ಮೂಲಕ್ಕೇ ಹೋಗಬೇಕು.

"ನುಡಿ" ಅಥವಾ "ಬರಹ" ತಂತ್ರಾಂಶದ ಹಳೆಯ ಫಾಂಟಿನಲ್ಲಿ ಟೈಪು ಮಾಡಿಟ್ಟ ಲೆಕ್ಕ ಮೂರನೆಯ ಬಗೆ. ಆ ಫಾಂಟು ಹಾಕಿದಾಗ ಕನ್ನಡ, ತೆಗೆದಾಗ ಅರ್ಥವಿಲ್ಲದ ಇಂಗ್ಲಿಷ್ ಚಿಹ್ನೆಗಳು. ಇದಕ್ಕೆ ಯೂನಿಕೋಡ್ ಪರಿವರ್ತಕ ಬೇಕು. ವಿವರದ ಕಾಲಂ ಒಂದನ್ನೇ ಪರಿವರ್ತಿಸಿ. ತಾರೀಕು, ಮೊತ್ತದ ಕಾಲಂಗಳನ್ನು ಪರಿವರ್ತಕಕ್ಕೆ ಕೊಡಬೇಡಿ.

ಇನ್ನೊಂದು ತೊಡಕು ಕಣ್ಣಿಗೆ ಕಾಣುವುದೇ ಇಲ್ಲ. ಮಲಯಾಳಂನ ಚಿಲ್ಲಕ್ಷರಗಳಿಗೆ (ಸ್ವರವಿಲ್ಲದೆ ನಿಲ್ಲುವ ವ್ಯಂಜನಗಳು) 2008ರ ಯೂನಿಕೋಡ್ 5.1ರಲ್ಲಿ ಪ್ರತ್ಯೇಕ ಸಂಕೇತ ಬಂತು. ಅದಕ್ಕೂ ಮೊದಲಿನ ಕ್ರಮದಲ್ಲಿ ವ್ಯಂಜನ, ಚಂದ್ರಕ್ಕಲ (ಸ್ವರ ತೆಗೆಯುವ ಗುರುತು), ಅದರ ನಂತರ ಕಣ್ಣಿಗೆ ಕಾಣದ ಜೋಡಕ ಸೇರಿಸಿ ಅದೇ ಅಕ್ಷರ ಮೂಡಿಸುತ್ತಿದ್ದರು. ಪರದೆಯಲ್ಲಿ ಎರಡೂ ಒಂದೇ, ಪ್ರೋಗ್ರಾಮಿಗೆ ಮಾತ್ರ ಬೇರೆ ಬೇರೆ. ಕಾಸರಗೋಡು ಎಂಬ ಹೆಸರನ್ನು ಮಲಯಾಳಂನಲ್ಲಿ ಬರೆದರೂ ಈ ಅಕ್ಷರ ಬರುತ್ತದೆ. ಕನ್ನಡದಲ್ಲೂ "ಬ್ಯಾಂಕ್‌ನಿಂದ" ಎಂಬಲ್ಲಿ ಕ್ ಮತ್ತು ನಿ ನಡುವೆ ಅಂಥದ್ದೇ ಕಾಣದ ಗುರುತು ಇದೆ. ಒಬ್ಬರು ಹಾಕುತ್ತಾರೆ, ಇನ್ನೊಬ್ಬರು ಬಿಡುತ್ತಾರೆ. ಹೀಗಾಗಿ ಒಂದೇ ಅಂಗಡಿ ಎರಡು ಹೆಸರಾಗಿ ಲೆಕ್ಕದಲ್ಲಿ ಕೂರುತ್ತದೆ. ಒಂದು ಸಾಲಿನಿಂದ ಹೆಸರನ್ನು ನಕಲಿಸಿ ಹುಡುಕಿ ನೋಡಿ: ಕಣ್ಣಿಗೆ ಐದು ಕಡೆ ಕಂಡ ಹೆಸರು ಹುಡುಕಾಟದಲ್ಲಿ ಮೂರೇ ಕಡೆ ಸಿಕ್ಕರೆ ಕಾರಣ ಇದೇ. ಒಂದು ರೂಪವನ್ನು ಆರಿಸಿ ಉಳಿದವನ್ನೆಲ್ಲ ಅದಕ್ಕೆ ಬದಲಿಸಿ.

## ಹಂತ 4: ಸಾಲುಗಳನ್ನು ನೆಟ್ಟಗೆ ಮಾಡಿ

ಸಿಎಸ್‌ವಿ ಫೈಲಿನ ಮೇಲ್ಗಡೆ ಇರುವ ಹೆಸರು, ವಿಳಾಸ, ಶಾಖೆಯ ವಿವರ, ಕೊನೆಯಲ್ಲಿರುವ ಒಟ್ಟು ಮೊತ್ತದ ಸಾಲು, ನಡುವೆ ಪುಟ ಪುಟಕ್ಕೂ ಬರುವ ತಲೆಬರಹ, ಇವೆಲ್ಲ ಹೋಗಬೇಕು. ಆರಂಭದ ಬ್ಯಾಲೆನ್ಸ್ ಎಷ್ಟು ಎಂದು ಕಾಗದದಲ್ಲಿ ಬರೆದಿಟ್ಟು ಆಮೇಲೆ ಅಳಿಸಿ. ಉಳಿಯಬೇಕಾದದ್ದು ಒಂದು ತಲೆಬರಹದ ಸಾಲು, ಅದರ ಕೆಳಗೆ ವ್ಯವಹಾರಕ್ಕೆ ಒಂದರಂತೆ ಸಾಲು.

ಈಗ ಕಾಮಾ ಎಣಿಸಿ. ತಾರೀಕು, ವಿವರ, ತೆಗೆದದ್ದು, ಜಮೆ, ಬ್ಯಾಲೆನ್ಸ್ ಎಂದು ಐದು ಕಾಲಂ ಇದ್ದರೆ ಪ್ರತಿ ಸಾಲಿನಲ್ಲಿ ನಾಲ್ಕೇ ಕಾಮಾ ಇರಬೇಕು. ಬದಿಯಡ್ಕದ ಒಬ್ಬರ ಫೈಲಿನಲ್ಲಿ ಈ ಸಾಲಿತ್ತು:

03/04/2024,ಅಡಿಕೆ ಬಾಬ್ತು,,1,18,400.00,1,60,710.00

ಎಣಿಸಿ ನೋಡಿ, ಎಂಟು ಕಾಮಾ. ನಮ್ಮ ಲಕ್ಷದ ಲೆಕ್ಕದ ಕಾಮಾಗಳೇ ಕಾಲಂ ಒಡೆದಿವೆ. ಪ್ರೋಗ್ರಾಂ ಇದನ್ನು ಓದಿದಾಗ ಜಮೆ 1 ರೂಪಾಯಿ, ಬ್ಯಾಲೆನ್ಸ್ 18 ರೂಪಾಯಿ. ಒಂದು ಲಕ್ಷದ ಹದಿನೆಂಟು ಸಾವಿರದ ನಾನೂರು ರೂಪಾಯಿಯ ಚಾಲಿ ಅಡಿಕೆ ಮಾರಿ ಬಂದವರಿಗೆ ಪರದೆಯಲ್ಲಿ ಒಂದು ರೂಪಾಯಿ ಕಂಡರೆ ಹೇಗಾಗಬೇಡ!

ಬಿಡಿಸುವ ದಾರಿ ಹೀಗೆ. ಬ್ಯಾಂಕಿನ ಮೊತ್ತಗಳೆಲ್ಲ ಚುಕ್ಕಿ ಮತ್ತು ಎರಡು ಅಂಕಿ ಪೈಸೆಯಿಂದ ಮುಗಿಯುತ್ತವೆ. ವಿವರದ ಕಾಲಂ ದಾಟಿದ ಮೇಲೆ ಅಂಕಿಯಿಂದ ಶುರುಮಾಡಿ, ಚುಕ್ಕಿ ಮತ್ತು ಎರಡು ಅಂಕಿ ಸಿಗುವವರೆಗೂ ಒಂದೇ ಮೊತ್ತ ಎಂದು ಹಿಡಿಯಿರಿ. ನಡುವಿನ ಕಾಮಾ ತೆಗೆಯಿರಿ. ಪಕ್ಕಪಕ್ಕದಲ್ಲಿ ಎರಡು ಕಾಮಾ ಇದ್ದಲ್ಲಿ ಮಾತ್ರ ಕೈಹಾಕಬೇಡಿ, ಅದು ಖಾಲಿ ಕಾಲಂ. ಮೇಲಿನ ಸಾಲು ಹೀಗಾಗುತ್ತದೆ:

03/04/2024,ಅಡಿಕೆ ಬಾಬ್ತು,,118400.00,160710.00

ನಾಲ್ಕು ಕಾಮಾ, ಲೆಕ್ಕ ಸರಿ. ವಿವರದೊಳಗೇ ಕಾಮಾ ಇದ್ದರೆ (ಅಂಗಡಿ ಹೆಸರು, ಊರು ಎಂದು ಬರೆದಿರುತ್ತಾರೆ) ಅಲ್ಲಿ ಖಾಲಿ ಜಾಗ ಹಾಕಿ. ಕಾಮಾ ಕಡಿಮೆ ಇರುವ ಸಾಲು ಕಂಡರೆ ಅದರ ಮುಂದಿನ ಸಾಲನ್ನೂ ನೋಡಿ: ವಿವರ ಎರಡು ಸಾಲಿಗೆ ಒಡೆದುಹೋಗಿರುತ್ತದೆ, ಎರಡನ್ನೂ ಜೋಡಿಸಬೇಕು.

ಮೊತ್ತಗಳ ಸುತ್ತ ಉದ್ಧರಣ ಚಿಹ್ನೆ ಇದ್ದರೆ ಇಷ್ಟೆಲ್ಲ ಬೇಡ. ಅಂಥ ಫೈಲನ್ನು ಮುಂದಿನ ಹಂತದಲ್ಲಿ ಕ್ಯಾಲ್ಕ್ ಸರಿಯಾಗಿ ಓದುತ್ತದೆ.

## ಹಂತ 5: ಕ್ಯಾಲ್ಕ್‌ನಲ್ಲಿ ಎರಡು ಸಲ ತೆರೆಯುವುದು

ಹೆಚ್ಚಿನವರು ಎಡವುವುದು ಇಲ್ಲಿಯೇ. ಸಿಎಸ್‌ವಿ ತೆರೆಯುವಾಗ ಕ್ಯಾಲ್ಕ್ ಒಂದು ಪೆಟ್ಟಿಗೆ ತೋರಿಸುತ್ತದೆ. ಅದನ್ನು ಓದದೆ ಓಕೆ ಒತ್ತುವ ಚಾಳಿ ಬಿಡಬೇಕು.

ಮೊದಲ ಸಲ: ಅಕ್ಷರ ಸಂಕೇತ ಯುಟಿಎಫ್-8, ವಿಭಾಜಕ ಕಾಮಾ (ಟ್ಯಾಬ್ ಫೈಲಾದರೆ ಟ್ಯಾಬ್). ಕೆಳಗಿನ ಮಾದರಿಯಲ್ಲಿ ಎಲ್ಲ ಕಾಲಂಗಳನ್ನೂ ಆರಿಸಿ ಬಗೆಯನ್ನು "ಟೆಕ್ಸ್ಟ್" ಮಾಡಿ. ಈಗ ಯಾವ ಅಂಕಿಯನ್ನೂ ಕ್ಯಾಲ್ಕ್ ಬದಲಿಸಲಾರದು. ತೆರೆದ ಮೇಲೆ ಮೊತ್ತದ ಕಾಲಂಗಳನ್ನು ಮಾತ್ರ ಆರಿಸಿ ಕಾಮಾ, ರೂಪಾಯಿ ಚಿಹ್ನೆ, ಖಾಲಿ ಜಾಗ ತೆಗೆಯಿರಿ. ಒಂದೇ ಕಾಲಂನಲ್ಲಿ ಮೊತ್ತದ ಹಿಂದೆ ಡಿಆರ್, ಸಿಆರ್ ಎಂದಿದ್ದರೆ ಡಿಆರ್ ಇರುವವನ್ನು ತೆಗೆದ ಕಾಲಂಗೆ, ಸಿಆರ್ ಇರುವವನ್ನು ಜಮೆ ಕಾಲಂಗೆ ಸರಿಸಿ, ಆಮೇಲೆ ಅಕ್ಷರ ಅಳಿಸಿ. ಮೊದಲೇ ಅಳಿಸಿದರೆ ಯಾವುದು ಹೋದ ದುಡ್ಡು, ಯಾವುದು ಬಂದದ್ದು ಎಂದು ತಿಳಿಯದು. ಸಿಎಸ್‌ವಿಯಾಗಿ ಸೇವ್ ಮಾಡಿ ಮುಚ್ಚಿ.

ಎರಡನೆಯ ಸಲ: ತಾರೀಕಿನ ಕಾಲಂಗೆ ದಿನ-ತಿಂಗಳು-ವರ್ಷ ಕ್ರಮದ ತಾರೀಕು ಎಂಬ ಬಗೆ, ಮೊತ್ತದ ಮೂರು ಕಾಲಂಗಳಿಗೆ "ಸ್ಟ್ಯಾಂಡರ್ಡ್", ವಿವರಕ್ಕೆ ಟೆಕ್ಸ್ಟ್. ರೆಫರೆನ್ಸ್ ಸಂಖ್ಯೆಯ ಕಾಲಂ ಪ್ರತ್ಯೇಕ ಇದ್ದರೆ ಅದಕ್ಕೂ ಟೆಕ್ಸ್ಟ್.

ರೆಫರೆನ್ಸ್ ಸಂಖ್ಯೆಯ ಬಗ್ಗೆ ಇಷ್ಟು ಹಟ ಏಕೆಂದರೆ, ಯುಪಿಐ ರೆಫರೆನ್ಸ್ 12 ಅಂಕಿಯದ್ದು. ಎಕ್ಸೆಲ್ ಸಾಮಾನ್ಯ ಕಾಲಂನಲ್ಲಿ 11 ಅಂಕಿಯವರೆಗೆ ಮಾತ್ರ ಪೂರ್ತಿ ತೋರಿಸುತ್ತದೆ. ಅದನ್ನು ಮೀರಿದರೆ ಮೊದಲ ಕೆಲವೇ ಅಂಕಿ, ಒಂದು ಇಂಗ್ಲಿಷ್ ಇ ಅಕ್ಷರ, ಅದರ ಮುಂದೆ +11 ಎಂದು ಚಿಕ್ಕದು ಮಾಡುತ್ತದೆ. ಸಿಎಸ್‌ವಿಯಾಗಿ ಸೇವ್ ಮಾಡುವಾಗ ಪರದೆಯಲ್ಲಿ ಕಂಡದ್ದೇ ಫೈಲಿಗೆ ಹೋಗುತ್ತದೆ. ಸೇವ್ ಆಗಿ ಮುಚ್ಚಿದ ಮೇಲೆ ಉಳಿದ ಅಂಕಿಗಳು ಎಲ್ಲಿಯೂ ಇಲ್ಲ. 15 ಅಂಕಿ ಮೀರಿದ ಖಾತೆ ಸಂಖ್ಯೆಯಾದರೆ ಕೊನೆಯ ಅಂಕಿಗಳು ಸೊನ್ನೆಯಾಗಿರುತ್ತವೆ. ಸೊನ್ನೆಯಿಂದ ಶುರುವಾಗುವ ಚೆಕ್ ಸಂಖ್ಯೆಯ ಮುಂದಿನ ಸೊನ್ನೆಗಳೂ ಹಾರಿಹೋಗುತ್ತವೆ.

## ಹಂತ 6: ತಾರೀಕು ತಿರುಗಿದೆಯೇ?

ಅಮೆರಿಕದ ಕ್ರಮಕ್ಕೆ ಹೊಂದಿಸಿದ ಕಂಪ್ಯೂಟರಿನಲ್ಲಿ ಒಮ್ಮೆ ತೆರೆದಿದ್ದ ಫೈಲಾದರೆ ತಾರೀಕುಗಳು ಅರ್ಧಂಬರ್ಧ ತಿರುಗಿರುತ್ತವೆ. ಗುರುತು ಸುಲಭ: ಕಾಲಂನಲ್ಲಿ ಕೆಲವು ತಾರೀಕು ಎಡಕ್ಕೆ, ಕೆಲವು ಬಲಕ್ಕೆ ಅಂಟಿಕೊಂಡಿರುತ್ತವೆ. ಏಪ್ರಿಲ್ 3, 5, 12, 13 ಎಂದು ಸಾಲಾಗಿ ಇರಬೇಕಾದದ್ದು ಮಾರ್ಚ್ 4, ಮೇ 4, ಡಿಸೆಂಬರ್ 4, ಆಮೇಲೆ ಒಮ್ಮೆಲೇ ಏಪ್ರಿಲ್ 13 ಎಂದು ಜಿಗಿಯುತ್ತದೆ. 13ನೆಯ ತಿಂಗಳು ಇಲ್ಲದ ಕಾರಣ ಅದನ್ನು ಮಾತ್ರ ತಿರುಗಿಸಲು ಆಗಲಿಲ್ಲ, ಬರಹವಾಗಿ ಹಾಗೇ ಉಳಿಯಿತು.

ಮೂಲ ಫೈಲು ಇದ್ದರೆ ಅದರಿಂದಲೇ ಮತ್ತೆ ಶುರುಮಾಡಿ. ಇಲ್ಲವಾದರೆ ಬಲಕ್ಕೆ ಅಂಟಿದವುಗಳ ದಿನ-ತಿಂಗಳನ್ನು ಮಾತ್ರ ಅದಲುಬದಲು ಮಾಡಿ. ಎಲ್ಲವನ್ನೂ ಮಾಡಿದರೆ ಸರಿಯಿದ್ದದ್ದೂ ಕೆಡುತ್ತದೆ. ತಾರೀಕಿನ ಜಾಗದಲ್ಲಿ 45292ರಂಥ ಅಂಕಿ ಕಂಡರೆ ಅದು ಎಕ್ಸೆಲ್‌ನ ದಿನದ ಎಣಿಕೆ. 45292 ಎಂದರೆ 2024ರ ಜನವರಿ 1. ಕಾಲಂಗೆ ತಾರೀಕಿನ ರೂಪ ಕೊಟ್ಟರೆ ಸಾಕು.

ಕೊನೆಗೆ ಎಲ್ಲ ತಾರೀಕುಗಳನ್ನೂ 2024-04-03 ಎಂಬಂತೆ ವರ್ಷ ಮೊದಲು ಬರುವ ರೂಪಕ್ಕೆ ತನ್ನಿ. ಈ ರೂಪವನ್ನು ಯಾವ ಪ್ರೋಗ್ರಾಮೂ ತಿರುಗಿಸಿ ಓದುವುದನ್ನು ನಾನು ಕಂಡಿಲ್ಲ.

## ಹಂತ 7: ಬ್ಯಾಲೆನ್ಸ್‌ನಿಂದ ಪರೀಕ್ಷೆ

ಇದನ್ನು ಬಿಟ್ಟರೆ ಮೇಲಿನದೆಲ್ಲ ಅಂದಾಜಿನ ಕೆಲಸ. ಹಿಂದಿನ ಬ್ಯಾಲೆನ್ಸ್‌ಗೆ ಜಮೆ ಕೂಡಿಸಿ, ತೆಗೆದದ್ದು ಕಳೆದರೆ ಈ ಸಾಲಿನ ಬ್ಯಾಲೆನ್ಸ್ ಬರಲೇಬೇಕು. ಎ ಇಂದ ಇ ವರೆಗೆ ಐದು ಕಾಲಂ ಇದ್ದರೆ ಎಫ್3ರಲ್ಲಿ ಈ ಸೂತ್ರ ಬರೆಯಿರಿ (ಅಕ್ಷರಗಳನ್ನು ಇಂಗ್ಲಿಷಿನಲ್ಲಿ ಟೈಪು ಮಾಡಿ):

=ಇ2-ಸಿ3+ಡಿ3-ಇ3

ಕೆಳಗಿನವರೆಗೆ ಎಳೆಯಿರಿ, ಎರಡು ದಶಾಂಶಕ್ಕೆ ಹೊಂದಿಸಿ. ಎಲ್ಲ ಸಾಲಿನಲ್ಲೂ ಸೊನ್ನೆ ಬರಬೇಕು. ಮೊದಲ ವ್ಯವಹಾರವನ್ನು ಕಾಗದದಲ್ಲಿ ಬರೆದಿಟ್ಟ ಆರಂಭದ ಬ್ಯಾಲೆನ್ಸ್‌ನೊಂದಿಗೆ ಕೈಯಲ್ಲಿ ಹೋಲಿಸಿ. ಹೊಸದು ಮೇಲೆ, ಹಳೆಯದು ಕೆಳಗೆ ಇರುವ ಸ್ಟೇಟ್‌ಮೆಂಟ್ ಆದರೆ ಮೊದಲು ಕ್ರಮಸಂಖ್ಯೆಯ ಕಾಲಂ ಸೇರಿಸಿ ಅದರಿಂದ ತಿರುಗಿಸಿ (ಆಗ ಸೂತ್ರದ ಅಕ್ಷರವೂ ಒಂದೊಂದು ಮುಂದೆ ಹೋಗುತ್ತದೆ). ತಾರೀಕಿನ ಮೇಲೆ ಸಾಲುಗೂಡಿಸಿದರೆ ಒಂದೇ ದಿನದ ವ್ಯವಹಾರಗಳ ಕ್ರಮ ಕೆಟ್ಟು ಇಲ್ಲದ ತಪ್ಪು ತೋರಿಸುತ್ತದೆ.

ಸೊನ್ನೆ ಬಾರದ ಸಾಲು ಏನು ಹೇಳುತ್ತದೆ ಎಂದು ಓದಲು ಕಲಿಯಬೇಕು. ಅದೇ ಬದಿಯಡ್ಕದ ಫೈಲಿನಲ್ಲಿ ಅಡಿಕೆ ಜಮೆಯಾದ ಮೇಲೆ ಬ್ಯಾಲೆನ್ಸ್ 1,60,710. ಮುಂದಿನ ಸಾಲು 12ನೆಯ ತಾರೀಕಿನ ತೋಟದ ಕೂಲಿ 9,600, ಬ್ಯಾಲೆನ್ಸ್ 1,49,264. ಸೂತ್ರದಲ್ಲಿ ಬಂದದ್ದು 1,846. ಪಾಸ್‌ಬುಕ್ಕು ತೆರೆದರೆ 5ನೆಯ ತಾರೀಕಿನಲ್ಲಿ ಕೆಎಸ್‌ಇಬಿ ಕರೆಂಟು ಬಿಲ್ಲು, ಸರಿಯಾಗಿ 1,846. ಪುಟದ ತಲೆಬರಹ ಅಳಿಸುವಾಗ ಆ ಸಾಲೂ ಜೊತೆಗೆ ಹೋಗಿತ್ತು.

ಒಂದು ಸಾಲಿನಲ್ಲಿ ಬಂದ ವ್ಯತ್ಯಾಸವೇ ಮುಂದಿನ ಸಾಲಿನಲ್ಲಿ ಉಲ್ಟಾ ಬಂದರೆ ವ್ಯವಹಾರ ಸರಿ, ಬ್ಯಾಲೆನ್ಸ್ ಅಂಕಿ ಮಾತ್ರ ತಪ್ಪು. ವ್ಯತ್ಯಾಸ ಆ ಸಾಲಿನ ಮೊತ್ತದ ಎರಡರಷ್ಟು ಇದ್ದರೆ ತೆಗೆದದ್ದು ಜಮೆಗೋ, ಜಮೆ ತೆಗೆದದ್ದಕ್ಕೋ ಹೋಗಿದೆ. ಕೈಯಲ್ಲಿ ಟೈಪು ಮಾಡಿದ ಲೆಕ್ಕದಲ್ಲಿ ವ್ಯತ್ಯಾಸವನ್ನು 9ರಿಂದ ಭಾಗಿಸಿ ನೋಡಿ. ಶೇಷ ಉಳಿಯದಿದ್ದರೆ 540ರ ಬದಲು 450 ಎಂಬಂತೆ ಅಂಕಿ ಅದಲುಬದಲಾಗಿರಬಹುದು.

ವ್ಯತ್ಯಾಸ ಮುಚ್ಚಲು "ಇತರೆ" ಎಂದು ಒಂದು ಸಾಲು ಸೇರಿಸುವವರನ್ನು ಕಂಡಿದ್ದೇನೆ. ದಯವಿಟ್ಟು ಹಾಗೆ ಮಾಡಬೇಡಿ. ಆ ಸಾಲು ಮುಂದಿನ ವರ್ಷಕ್ಕೂ ಹೋಗುತ್ತದೆ, ಅಷ್ಟರಲ್ಲಿ ಕಾರಣ ಯಾರಿಗೂ ನೆನಪಿರುವುದಿಲ್ಲ.

## ಕ್ಯುಐಎಫ್, ಒಎಫ್‌ಎಕ್ಸ್ ಆದರೆ

ಕ್ಯುಐಎಫ್‌ನಲ್ಲಿ ಪ್ರತಿ ಸಾಲಿನ ಮೊದಲ ಅಕ್ಷರವೇ ಅರ್ಥ ಹೇಳುತ್ತದೆ: ಡಿ ಎಂದರೆ ತಾರೀಕು, ಟಿ ಮೊತ್ತ, ಪಿ ಯಾರಿಗೆ, ಎಂ ಟಿಪ್ಪಣಿ, ಎಲ್ ವರ್ಗ. ಪ್ರತಿ ವ್ಯವಹಾರದ ಕೊನೆಗೆ ಒಂದು ಸಾಲಿನಲ್ಲಿ ^ ಮಾತ್ರ. ಒಂದು ಕಡೆ ಇದು ಬಿಟ್ಟುಹೋದರೆ ಎರಡು ವ್ಯವಹಾರ ಅಂಟಿಕೊಳ್ಳುತ್ತವೆ. ಫೈಲಿನ ಕೊನೆಯಲ್ಲಿ ಬಿಟ್ಟರೆ ಕಡೆಯ ವ್ಯವಹಾರ ಸದ್ದಿಲ್ಲದೆ ಕಾಣೆಯಾಗಬಹುದು. ಡಿ ಸಾಲುಗಳನ್ನೂ ^ ಸಾಲುಗಳನ್ನೂ ಎಣಿಸಿ, ಎರಡೂ ಸಮ ಇರಬೇಕು.

ಒಎಫ್‌ಎಕ್ಸ್ ಬೇರೆ ದೇಶದ ಬ್ಯಾಂಕಿನಲ್ಲಿ ಖಾತೆ ಇರುವವರಿಗೆ ಹೆಚ್ಚಾಗಿ ಸಿಗುತ್ತದೆ. ಅಂಗಡಿಯ ಹೆಸರಿನಲ್ಲಿ ಬರಿಯ & ಇದ್ದರೆ ಕೆಲವು ಪ್ರೋಗ್ರಾಂ ಇಡೀ ಫೈಲನ್ನೇ ತಿರಸ್ಕರಿಸುತ್ತವೆ. ಅದರ ಜಾಗದಲ್ಲಿ "ಮತ್ತು" ಎಂಬರ್ಥದ ಇಂಗ್ಲಿಷ್ ಪದ ಹಾಕಿ. ಪ್ರತಿ ವ್ಯವಹಾರಕ್ಕೂ ಎಫ್‌ಐಟಿಐಡಿ ಎಂಬ ಗುರುತುಸಂಖ್ಯೆ ಇರುತ್ತದೆ. ಒಂದೇ ಸಂಖ್ಯೆ ಎರಡು ಕಡೆ ಇದ್ದರೆ ಎರಡನೆಯದನ್ನು ಪ್ರೋಗ್ರಾಂ ಈಗಾಗಲೇ ಬಂದದ್ದೆಂದು ತಿಳಿದು ಬಿಟ್ಟುಬಿಡಬಹುದು. ಸಾಲು ನಕಲಿಸಿ ತಿದ್ದುವಾಗ ಆಗುವ ತಪ್ಪು ಇದೇ.

## ಹಂತ 8: ಲೆಕ್ಕದ ಪುಸ್ತಕವೇ ತೆರೆಯದಿದ್ದರೆ

ಗ್ನೂಕ್ಯಾಶ್ ಫೈಲಿನ ಪಕ್ಕದಲ್ಲೇ ತಾರೀಕು ಮತ್ತು ಸಮಯ ಹೆಸರಿನಲ್ಲಿರುವ ಹಳೆಯ ಪ್ರತಿಗಳು, ಲಾಗ್ ಫೈಲುಗಳು ಇರುತ್ತವೆ. ಜಾಗ ಉಳಿಸಲು ಅವನ್ನು ಅಳಿಸುವವರು ಇದ್ದಾರೆ, ಅಳಿಸಬೇಡಿ. ಕೆಟ್ಟ ಫೈಲನ್ನು ಬದಿಗಿಟ್ಟು ಇತ್ತೀಚಿನ ಪ್ರತಿಯೊಂದನ್ನು ತೆರೆಯಿರಿ. ಅದರ ನಂತರ ಬರೆದ ವ್ಯವಹಾರಗಳು ಲಾಗ್‌ನಲ್ಲಿರುತ್ತವೆ. ಫೈಲ್ ಮೆನು, ಇಂಪೋರ್ಟ್, ಅದರಲ್ಲಿ ಲಾಗ್ ರಿಪ್ಲೇ ಎಂದು ಹೋಗಿ ಸಮಯದ ಕ್ರಮದಲ್ಲಿ ಒಂದೊಂದಾಗಿ ಸೇರಿಸಿ. "ಬೀಗ ಹಾಕಿದೆ" ಎಂಬ ಸಂದೇಶ ಮಾತ್ರ ಬಂದರೆ ಫೈಲು ಕೆಟ್ಟಿಲ್ಲ. ಇನ್ನೊಂದು ಕಡೆ ತೆರೆದಿದೆಯೇ ನೋಡಿ. ತೆರೆದಿಲ್ಲ ಎಂದು ಖಾತ್ರಿಯಾದರೆ "ಹೇಗಿದ್ದರೂ ತೆರೆ" ಎಂಬ ಆಯ್ಕೆ ಒತ್ತಬಹುದು.

## ಹಂತ 9: ಮೊದಲು ಖಾಲಿ ಪುಸ್ತಕಕ್ಕೆ ಇಂಪೋರ್ಟ್

ಪರೀಕ್ಷೆಗೆ ಹಾಕಿದ ಸೂತ್ರದ ಕಾಲಂ ಅಳಿಸಿ, ಯುಟಿಎಫ್-8 ಸಿಎಸ್‌ವಿಯಾಗಿ ಸೇವ್ ಮಾಡಿ. ಹೊಸದೊಂದು ಖಾಲಿ ಪುಸ್ತಕ ತೆರೆದು ಆರಂಭದ ಬ್ಯಾಲೆನ್ಸ್ ಹಾಕಿ ಅದಕ್ಕೆ ಇಂಪೋರ್ಟ್ ಮಾಡಿ. ತಾರೀಕಿನ ಕ್ರಮ ಕೇಳಿದಾಗ ವರ್ಷ-ತಿಂಗಳು-ದಿನ ಆರಿಸಿ. ನೋಡಬೇಕಾದದ್ದು ಎರಡು: ವ್ಯವಹಾರಗಳ ಸಂಖ್ಯೆ ಫೈಲಿನ ಸಾಲಿನಷ್ಟೇ ಇದೆಯೇ (ತಲೆಬರಹ ಬಿಟ್ಟು), ಮಾರ್ಚ್ 31ರ ಬ್ಯಾಲೆನ್ಸ್ ಪಾಸ್‌ಬುಕ್ಕಿನದ್ದೇ ಇದೆಯೇ. ಬಂದ ದುಡ್ಡು ಹೋದದ್ದಾಗಿ, ಹೋದದ್ದು ಬಂದದ್ದಾಗಿ ಕಂಡರೆ ಜಮೆ ಮತ್ತು ತೆಗೆದ ಕಾಲಂಗಳನ್ನು ಇಂಪೋರ್ಟ್ ಪರದೆಯಲ್ಲಿ ಅದಲುಬದಲಾಗಿ ಗುರುತಿಸಿದ್ದೀರಿ.

ಎರಡೂ ಸರಿ ಬಂದ ಮೇಲೆ ನಿಜವಾದ ಪುಸ್ತಕದ ಒಂದು ಪ್ರತಿ ತೆಗೆದಿಟ್ಟು, ಆ ನಿಜವಾದ ಪುಸ್ತಕಕ್ಕೇ ಇಂಪೋರ್ಟ್ ಮಾಡಿ. ಈ ಫೈಲಿನ ಮೊದಲ ದಿನ ಮತ್ತು ಪುಸ್ತಕದಲ್ಲಿ ಈಗಾಗಲೇ ಇರುವ ಕಡೆಯ ದಿನ ಒಂದೇ ಆಗಿದ್ದರೆ ಆ ದಿನದ ಸಾಲುಗಳನ್ನು ಒಂದೊಂದಾಗಿ ನೋಡಿ, ಇದ್ದವನ್ನು ಬಿಡಿ. ನಡುವೆ ಏನಾದರೂ ನಿಂತುಹೋದರೆ ಅದೇ ಫೈಲನ್ನು ಮತ್ತೊಮ್ಮೆ ತಳ್ಳಬೇಡಿ. ಎತ್ತಿಟ್ಟ ಪ್ರತಿಯನ್ನು ತೆರೆದು ಅದರಿಂದ ಶುರುಮಾಡಿ.